ಸೇಡಂ, ಚಿತ್ತಾಪುರ, ಚಿಂಚೋಳಿ ಭಾಗದ ಧಾರ್ಮಿಕ ದತ್ತಿಗಳ ಆಡಳಿತ ವ್ಯಾಜ್ಯ: ಅನ್ವಯಿಸುವ ಕಾನೂನಿನ ಕಾಲನಿರ್ಣಯ

1. ವ್ಯಾಪ್ತಿ
ಸೇಡಂ, ಚಿತ್ತಾಪುರ, ಚಿಂಚೋಳಿ ತಾಲ್ಲೂಕುಗಳು, ಹಿಂದೆ ಚಿತ್ತಾಪುರಕ್ಕೆ ಸೇರಿದ್ದ ಶಹಾಬಾದ್, ಈಗಲೂ ಅದರಲ್ಲೇ ಇರುವ ವಾಡಿ ಇವೆಲ್ಲ 1956ರ ನವೆಂಬರ್ 1ರವರೆಗೆ ಹೈದರಾಬಾದ್ ರಾಜ್ಯದ ಗುಲಬರ್ಗಾ ಜಿಲ್ಲೆಯಲ್ಲಿದ್ದವು. ಇಲ್ಲಿನ ಮಠ, ಗುಡಿ, ದರ್ಗಾಗಳ ಆಡಳಿತ ಯಾರದೆಂಬ ವ್ಯಾಜ್ಯದಲ್ಲಿ ಆದೇಶದ ತಾರೀಖು ಮತ್ತು ಸಂಸ್ಥೆಯ ವರ್ಗ ಖಚಿತವಾಗದೆ ಅದರ ಅಧಿಕಾರಮೂಲ ಹೇಳುವುದು ಕಷ್ಟ. ವ್ಯಾಜ್ಯಗಳ ಗುಣಾವಗುಣ ಈ ಟಿಪ್ಪಣಿಯ ವಿಷಯವಲ್ಲ.

2. ಫಸಲಿ 1349
ನಿಜಾಮರ ಕಾಲದಲ್ಲಿ ಈ ದತ್ತಿಗಳು ಉಮೂರೆ ಮಜಹಬಿ ಇಲಾಖೆಗೆ ಒಳಪಟ್ಟಿದ್ದವು; ಆಧಾರ, ಹೈದರಾಬಾದ್ ಎಂಡೋಮೆಂಟ್ಸ್ ರೆಗ್ಯುಲೇಶನ್ 1349 ಫಸಲಿ. ಇದರ ಇಸವಿಯನ್ನು 1939 ಎಂದೂ 1940 ಎಂದೂ ಬರೆಯಲು ಅವಕಾಶವಿದೆ. ಹೈದರಾಬಾದಿನ ಫಸಲಿ ವರ್ಷ ಅಕ್ಟೋಬರ್ ಮೊದಲ ವಾರದಲ್ಲಿ ಆರಂಭವಾಗುತ್ತಿದ್ದುದರಿಂದ 590 ಕೂಡಿಸಿದರೆ ಸಿಗುವುದು ವರ್ಷಾರಂಭದ ಇಸವಿ ಮಾತ್ರ. ತಿಂಗಳು ತಿಳಿಯದ ದಾಖಲೆಗೆ 1939–40 ಎಂದು ಬರೆಯುವುದೇ ಕ್ಷೇಮ.

3. ಸಿವಿಲ್ ಪ್ರಕ್ರಿಯಾ ಸಂಹಿತೆ, 92ನೇ ಕಲಂ
1908ರ ಸಂಹಿತೆ ಈ ಪ್ರದೇಶಕ್ಕೆ ಅನ್ವಯವಾದದ್ದು 1951ರ ಏಪ್ರಿಲ್ 1ರಿಂದ. ಅದಕ್ಕೆ ಹಿಂದಿನ ಡಿಕ್ರಿಯನ್ನು 92ನೇ ಕಲಮಿನದೆಂದು ಗುರುತಿಸಲಾಗದು. ಸಾರ್ವಜನಿಕ ನ್ಯಾಸದಲ್ಲಿ ಹಿತಾಸಕ್ತಿಯುಳ್ಳ ಇಬ್ಬರು ಅಥವಾ ಹೆಚ್ಚು ಜನ ಧರ್ಮದರ್ಶಿಯ ವಜಾ, ಹೊಸಬರ ನೇಮಕ, ಲೆಕ್ಕಪತ್ರ, ಆಡಳಿತದ ಸ್ಕೀಮು ಮುಂತಾದ ಪರಿಹಾರ ಕೋರಿ ಸಾಮಾನ್ಯವಾಗಿ ಜಿಲ್ಲಾ ನ್ಯಾಯಾಲಯದಲ್ಲಿ ದಾವೆ ಹೂಡಬಹುದು. ಮೊದಲು ಇದಕ್ಕೆ ಅಡ್ವೊಕೇಟ್ ಜನರಲ್ ಅವರ ಲಿಖಿತ ಸಮ್ಮತಿ ಬೇಕಿತ್ತು; 1976ರ ತಿದ್ದುಪಡಿ ಜಾರಿಯಾದ 1977ರ ಫೆಬ್ರವರಿ 1ರಿಂದ ನ್ಯಾಯಾಲಯದ ಅನುಮತಿ ಸಾಕು. ಕಡತದಲ್ಲಿ ತಾರೀಖಿನ ಹಾಳೆ ಕಳೆದಿದ್ದರೆ ಇದೊಂದು ಉಪಯುಕ್ತ ಸುಳಿವು.

ಆದರೆ ಆಡಳಿತದ ಎಲ್ಲ ಜಗಳವೂ ಈ ಕಲಮಿನಡಿ ಬರುವುದಿಲ್ಲ. ವಾದಿ ಸ್ವಂತ ಹಕ್ಕಿಗಾಗಿ ಬಂದಿದ್ದಾನೋ ಸಾರ್ವಜನಿಕರ ಪರವಾಗಿಯೋ ಎಂಬುದೇ ಮುಖ್ಯ. ಅದನ್ನು ಮೊದಲು ವಾದಪತ್ರದಿಂದಲೇ ನೋಡಬೇಕೆಂದು ಸ್ವಾಮಿ ಪರಮಾತ್ಮಾನಂದ ಸರಸ್ವತಿ ಪ್ರಕರಣದಲ್ಲಿ (1974) ಸುಪ್ರೀಂ ಕೋರ್ಟ್ ಹೇಳಿದೆ. ಪೀಠದ ಉತ್ತರಾಧಿಕಾರ ಅಥವಾ ಪೂಜೆಯ ಸರದಿಯ ದಾವೆ ಬಹುಮಟ್ಟಿಗೆ ಮೊದಲ ಬಗೆಯದು.

4. 1997, 2001, 2003
ಕರ್ನಾಟಕ ಹಿಂದೂ ಧಾರ್ಮಿಕ ಸಂಸ್ಥೆಗಳ ಮತ್ತು ಧರ್ಮಾದಾಯ ದತ್ತಿಗಳ ಅಧಿನಿಯಮದ ಹೆಸರಿನಲ್ಲಿ 1997 ಇದೆ. ಅದರ ಸಂಖ್ಯೆ 2001ರ 33. ಜಾರಿ 2003ರ ಮೇ 1. ಫಸಲಿ 1349ರ ರೆಗ್ಯುಲೇಶನ್ ನಿರಸನಗೊಂಡದ್ದು ಇದರಿಂದಲೇ. ಹಾಗಾಗಿ 1998ರ ಆದೇಶವೊಂದಕ್ಕೆ ‘1997ರ ಕಾಯ್ದೆ’ಯನ್ನು ಆಧಾರವಾಗಿ ಕೊಟ್ಟರೆ ಅದು ಕಾಲದೋಷ. 2006ರ ಸೆಪ್ಟೆಂಬರ್ 8ರಂದು ಸಹಸ್ರಲಿಂಗೇಶ್ವರ ದೇವಸ್ಥಾನ ಪ್ರಕರಣದಲ್ಲಿ ಹೈಕೋರ್ಟ್ ಅಧಿನಿಯಮವನ್ನೇ ರದ್ದುಪಡಿಸಿತು. ಸುಪ್ರೀಂ ಕೋರ್ಟಿನ ತಡೆಯಾಜ್ಞೆಯಿಂದ ಅದು ಉಳಿಯಿತು, 2011ರಲ್ಲಿ ತಿದ್ದುಪಡಿ ಕಂಡಿತು.

5. ಸಂಸ್ಥೆಯ ವರ್ಗ
ಸೇಡಂ ತಾಲ್ಲೂಕಿನ ಮಳಖೇಡ ಒಳ್ಳೆಯ ನಿದರ್ಶನ. ಜಯತೀರ್ಥರದೆಂದು ಉತ್ತರಾದಿ ಮಠ ಆರಾಧಿಸುವ ಬೃಂದಾವನವೂ ನೇಮಿನಾಥ ಬಸದಿಯೂ ಒಂದೇ ಊರಿನಲ್ಲಿವೆ. ಮಠಕ್ಕೂ ಅದಕ್ಕೆ ಸೇರಿದ ದೇವಾಲಯಕ್ಕೂ ಅಧಿನಿಯಮ ಅನ್ವಯಿಸದು. ಜೈನ ಸಂಸ್ಥೆಗಳು ಅದರ ‘ಹಿಂದೂ’ ವ್ಯಾಖ್ಯೆಯಿಂದಲೇ ಹೊರಗಿವೆ. ಮೇಲ್ನೋಟಕ್ಕೆ ಎರಡಕ್ಕೂ ಸಿವಿಲ್ ನ್ಯಾಯಾಲಯವೇ ದಾರಿ, ಆದರೆ ಹೊರಗುಳಿದ ಕಾರಣ ಬೇರೆ ಬೇರೆ. ವಾಡಿ ಸಮೀಪದ ಹಲಕಟ್ಟಾದಂಥ ದರ್ಗಾದ ಆಸ್ತಿ ವಕ್ಫ್ ಆಗಿದ್ದರೆ ಮಾತ್ರ 1995ರ ವಕ್ಫ್ ಅಧಿನಿಯಮದ 83ನೇ ಕಲಮಿನ ನ್ಯಾಯಮಂಡಳಿಯ ಪ್ರಶ್ನೆ ಬರುತ್ತದೆ.

6. ಗಡಿಯಾಚೆಯ ಇನಾಮು
1956ರಲ್ಲಿ ಗುಲಬರ್ಗಾ ಜಿಲ್ಲೆಯ ಕೊಡಂಗಲ್, ತಾಂಡೂರು ತಾಲ್ಲೂಕುಗಳು ಆಂಧ್ರಪ್ರದೇಶಕ್ಕೆ ಹೋದವು. ಅಲ್ಲಿ ಫಸಲಿ 1349ರ ರೆಗ್ಯುಲೇಶನ್ನಿನ ಜಾಗಕ್ಕೆ 1966ರ ಆಂಧ್ರ ಅಧಿನಿಯಮ ಬಂತು. ಈಚೆ ಸೇಡಂ, ಚಿಂಚೋಳಿಗಳಲ್ಲಿ ಅದು 2003ರವರೆಗೂ ಉಳಿಯಿತು. ಗುಡಿ ಈಚೆ, ಇನಾಮು ಜಮೀನು ಆಚೆ ಇರುವ ದತ್ತಿಯ ಕಡತದಲ್ಲಿ, ಈ ಮೂರುವರೆ ದಶಕಗಳ ಮಟ್ಟಿಗೆ, ಒಂದೇ ಆಸ್ತಿಪಟ್ಟಿಗೆ ಎರಡು ಕಾನೂನುಗಳ ಉಲ್ಲೇಖ ಕಂಡರೆ ಅದನ್ನು ಲಿಪಿಕಾರನ ತಪ್ಪೆಂದು ತಿದ್ದಬಾರದು. 92ನೇ ಕಲಮಿನ ಪ್ರಕಾರ ನ್ಯಾಸದ ಆಸ್ತಿಯ ಯಾವುದೇ ಭಾಗ ಇರುವ ಕಡೆ ದಾವೆ ಹೂಡಬಹುದಾದ್ದರಿಂದ, ಅಂಥ ಪ್ರಕರಣದ ಕಡತ ಕಲಬುರಗಿಯ ಜಿಲ್ಲಾ ನ್ಯಾಯಾಲಯದಲ್ಲೇ ಇರಬೇಕೆಂದಿಲ್ಲ.