ಶಾಂತಾಲ್ ಅಕರ್ಮನ್

ಶಾಂತಾಲ್ ಅಕರ್ಮನ್ (ಜೂನ್ 6, 1950 – ಅಕ್ಟೋಬರ್ 5, 2015) ಬೆಲ್ಜಿಯಂ ದೇಶದ ಚಲನಚಿತ್ರ ನಿರ್ದೇಶಕಿ. ದಿನನಿತ್ಯದ ಬದುಕನ್ನು ದೀರ್ಘವಾದ, ಬಹುಮಟ್ಟಿಗೆ ನಿಶ್ಚಲವಾದ ಶಾಟ್‌ಗಳಲ್ಲಿ ನೋಡುವ ಕ್ರಮಕ್ಕಾಗಿ ಇವರು ಹೆಸರಾಗಿದ್ದಾರೆ. ಇವರ 'ಜಾನ್ ದೀಲ್ಮನ್' (1975) ಕಥಾಚಿತ್ರವು 2022ರಲ್ಲಿ ಬ್ರಿಟನ್ನಿನ 'ಸೈಟ್ ಅಂಡ್ ಸೌಂಡ್' ಪತ್ರಿಕೆಯ ವಿಮರ್ಶಕರ ಸಮೀಕ್ಷೆಯಲ್ಲಿ ಮೊದಲ ಸ್ಥಾನ ಪಡೆಯಿತು. ಆದರೆ ಅದೇ ನೋಟವನ್ನು ಬೆಳೆಸಿದ ಸಾಕ್ಷ್ಯಚಿತ್ರಗಳು ಅಷ್ಟಾಗಿ ಪರಿಚಿತವಲ್ಲ.

ಹಿನ್ನೆಲೆ

ಅಕರ್ಮನ್ ಬ್ರಸೆಲ್ಸ್‌ನಲ್ಲಿ, ಪೋಲೆಂಡಿನಿಂದ ಬಂದ ಯಹೂದಿ ಕುಟುಂಬದಲ್ಲಿ ಜನಿಸಿದರು. ತಾಯಿ ಆಶ್ವಿಟ್ಸ್ ಯಾತನಾಶಿಬಿರದಿಂದ ಬದುಕುಳಿದವರು. ತಾಯಿಯ ತಂದೆತಾಯಿಗಳು ಅಲ್ಲಿಯೇ ಕೊಲ್ಲಲ್ಪಟ್ಟರು. ಮನೆಯಲ್ಲಿ ಈ ವಿಷಯ ಮಾತಿಗೆ ಬರುತ್ತಿದ್ದುದು ಅಪರೂಪ. 1971ರಲ್ಲಿ ನ್ಯೂಯಾರ್ಕಿಗೆ ತೆರಳಿದ ಅಕರ್ಮನ್, ಅಲ್ಲಿ ಮೈಕೆಲ್ ಸ್ನೋ ಮೊದಲಾದವರ ಪ್ರಾಯೋಗಿಕ ಚಿತ್ರಗಳನ್ನು ನೋಡಿ ಪ್ರಭಾವಿತರಾದರು. ಅಗ್ಗದ ವಸತಿಗೃಹವೊಂದರ ಮೊಗಸಾಲೆ, ಲಿಫ್ಟ್ ಮತ್ತು ಕೋಣೆಗಳನ್ನು ಸದ್ದಿಲ್ಲದೆ ತೋರಿಸುವ 'ಹೋಟೆಲ್ ಮಾಂಟೆರೆ' (1972) ಆ ದಿನಗಳ ಕೃತಿ.

ವೀಕ್ಷಣಾ ಕ್ರಮ

ವೀಕ್ಷಣಾತ್ಮಕ ಸಾಕ್ಷ್ಯಚಿತ್ರಗಳಲ್ಲಿ ಕ್ಯಾಮೆರಾ ಸಾಮಾನ್ಯವಾಗಿ ಘಟನೆಯ ಬೆನ್ನು ಹತ್ತುತ್ತದೆ. ಅಕರ್ಮನ್ ಅವರ ಕ್ಯಾಮೆರಾ ಒಂದೆಡೆ ನಿಂತು ಕಾಯುತ್ತದೆ. ಅದನ್ನು ಜನರಿಂದ ಮರೆಮಾಡುವ ಪ್ರಯತ್ನವೂ ಇಲ್ಲ.

'ನ್ಯೂಸ್ ಫ್ರಮ್ ಹೋಮ್' (1976) ಚಿತ್ರದಲ್ಲಿ ಕಾಣುವುದು ನ್ಯೂಯಾರ್ಕಿನ ಬೀದಿಗಳು ಮತ್ತು ಸುರಂಗ ರೈಲು ಮಾತ್ರ. ಕೇಳುವುದು, ಕೆಲವು ವರ್ಷಗಳ ಹಿಂದೆ ತಾಯಿ ಬರೆದಿದ್ದ ಕಾಗದಗಳನ್ನು ಮಗಳೇ ಓದುವ ದನಿ: ಮನೆಯವರ ಆರೋಗ್ಯ, ಕಳುಹಿಸಿದ ಹಣ, ಏಕೆ ಕಾಗದ ಬರೆಯುವುದಿಲ್ಲ ಎಂಬ ಅಳಲು. ಮಗಳ ಉತ್ತರಗಳು ಒಂದೂ ಕೇಳಿಸುವುದಿಲ್ಲ. ವಾಹನಗಳ ಸದ್ದು ಆಗಾಗ ಆ ದನಿಯನ್ನೂ ನುಂಗಿಬಿಡುತ್ತದೆ. ತಾಯಿಗೂ ಮಗಳಿಗೂ ನಡುವಿನ ದೂರವನ್ನು ಚಿತ್ರವು ಹೇಳದೆಯೇ ಕೇಳಿಸುವುದು ಹೀಗೆ. ಕೊನೆಯ ದೀರ್ಘ ಶಾಟ್‌ನಲ್ಲಿ ದೋಣಿಯೊಂದು ಮ್ಯಾನ್‌ಹಟನ್‌ನಿಂದ ದೂರ ಸರಿಯುತ್ತದೆ, ನಗರ ಮಂಜಿನಲ್ಲಿ ಮಸುಕಾಗುತ್ತದೆ.

ಸೋವಿಯತ್ ಒಕ್ಕೂಟ ಕುಸಿದ ನಂತರದ ಪೂರ್ವ ಯೂರೋಪನ್ನು 'ದೆಸ್ತ್' (ಪೂರ್ವದಿಂದ, 1993) ಚಿತ್ರಿಸುತ್ತದೆ. ಪೂರ್ವ ಜರ್ಮನಿಯಾಗಿದ್ದ ಪ್ರದೇಶದಿಂದ ಮಾಸ್ಕೋವರೆಗಿನ ಈ ಪಯಣ ಬೇಸಿಗೆಯಲ್ಲಿ ಆರಂಭವಾಗಿ ಚಳಿಗಾಲಕ್ಕೆ ಬಂದು ನಿಲ್ಲುತ್ತದೆ. ನಿರೂಪಣೆಯಿಲ್ಲ, ಸಂದರ್ಶನವಿಲ್ಲ. ಹಿಮದಲ್ಲಿ, ರೈಲು ನಿಲ್ದಾಣಗಳಲ್ಲಿ ಕಾಯುತ್ತಿರುವ ಜನರ ಸಾಲಿನುದ್ದಕ್ಕೂ ಕ್ಯಾಮೆರಾ ನಿಧಾನವಾಗಿ ಸಾಗುತ್ತದೆ. ಕೆಲವರು ದಿಟ್ಟಿಸುತ್ತಾರೆ, ಕೆಲವರು ಮುಖ ತಿರುಗಿಸುತ್ತಾರೆ. ಗಂಟುಮೂಟೆಯೊಂದಿಗೆ ಕಾದಿರುವ ಈ ಸಾಲುಗಳಲ್ಲಿ ಹಿಂದಿನ ಗಡೀಪಾರುಗಳ ನೆರಳನ್ನು ಕಾಣದಿರುವುದು ಕಷ್ಟ.

'ಸ್ಯುದ್' (ದಕ್ಷಿಣ, 1999) ಮಾತ್ರ ಒಂದು ನಿರ್ದಿಷ್ಟ ಅಪರಾಧದ ಕುರಿತಾದುದು. 1998ರಲ್ಲಿ ಅಮೆರಿಕದ ಟೆಕ್ಸಾಸ್ ರಾಜ್ಯದ ಜಾಸ್ಪರ್‌ನಲ್ಲಿ ಕಪ್ಪು ವರ್ಣೀಯ ಜೇಮ್ಸ್ ಬರ್ಡ್ ಜೂನಿಯರ್ ಅವರನ್ನು ಮೂವರು ಬಿಳಿಯರು ವಾಹನಕ್ಕೆ ಕಟ್ಟಿ ಎಳೆದೊಯ್ದು ಕೊಂದಿದ್ದರು. ಇಲ್ಲಿ ಊರಿನವರ ಮಾತುಗಳಿವೆ; ಕೊನೆಯಲ್ಲಿ ಮಾತು ನಿಂತು, ಅದೇ ರಸ್ತೆ ನಿಮಿಷಗಟ್ಟಲೆ ಹಿಂದಕ್ಕೆ ಸರಿಯುತ್ತದೆ.

ಕೊನೆಯ ಚಿತ್ರ

'ನೋ ಹೋಮ್ ಮೂವಿ' (2015) ಬಹುಪಾಲು ನಡೆಯುವುದು ತಾಯಿಯ ಬ್ರಸೆಲ್ಸ್ ಮನೆಯಲ್ಲಿ. ಅಡುಗೆಮನೆಯಲ್ಲಿ ಊಟ, ಹರಟೆ, ಮಗಳು ಪರಊರಿನಲ್ಲಿದ್ದಾಗ ಸ್ಕೈಪ್ ಕರೆಗಳು ಇದರ ವಸ್ತು. ತಾಯಿ 2014ರಲ್ಲಿ ನಿಧನರಾದರು. ಚಿತ್ರವು 2015ರ ಆಗಸ್ಟ್‌ನಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಮೊದಲ ಪ್ರದರ್ಶನ ಕಂಡಿತು. ಅಕ್ಟೋಬರ್‌ನಲ್ಲಿ ಅಕರ್ಮನ್ ಪ್ಯಾರಿಸ್‌ನಲ್ಲಿ ತೀರಿಕೊಂಡರು.