ವರ್ಲಿಯ ಪುಟ್ಟ ಕಪ್ಪೆ

ಮುಂಬೈಯ ವರ್ಲಿ ಎಂದರೆ ಇಂದು ಕಣ್ಣಿಗೆ ಬರುವುದು ಮುಗಿಲೆತ್ತರದ ಕಟ್ಟಡಗಳು. ಆದರೆ ಪ್ರಾಣಿಶಾಸ್ತ್ರದ ಚರಿತ್ರೆಯಲ್ಲಿ ಈ ಊರಿನ ಹೆಸರು ಉಳಿದಿರುವುದು ಒಂದು ಪುಟ್ಟ ಕಪ್ಪೆಯಿಂದ. 19ನೆಯ ಶತಮಾನದಲ್ಲಿ ಇಲ್ಲಿನ ಕಲ್ಲಿನ ಪದರಗಳಲ್ಲಿ ಕಪ್ಪೆಗಳ ಪಳೆಯುಳಿಕೆಗಳು ಸಿಕ್ಕವು. 'ಡೈನೋಸಾರ್' ಎಂಬ ಪದವನ್ನು ಲೋಕಕ್ಕೆ ಕೊಟ್ಟ ರಿಚರ್ಡ್ ಓವೆನ್ 1847ರಲ್ಲಿ ಅವನ್ನು ವಿವರಿಸಿ, 'ರಾನಾ ಪುಸಿಲ್ಲಾ' ಎಂದು ಹೆಸರಿಟ್ಟರು. ಲ್ಯಾಟಿನ್‌ನಲ್ಲಿ ರಾನಾ ಎಂದರೆ ಕಪ್ಪೆ, ಪುಸಿಲ್ಲಾ ಎಂದರೆ ಪುಟ್ಟದು.

ಕಪ್ಪೆಯ ಎಲುಬು ತೆಳು; ಮಣ್ಣು ಸೇರಿದರೆ ಬೇಗ ಪುಡಿಯಾಗುತ್ತದೆ. ವರ್ಲಿಯಲ್ಲಿ ಅದು ಉಳಿದದ್ದು ಲಾವಾದ ನಡುವೆ. ಸುಮಾರು 6.6 ಕೋಟಿ ವರ್ಷಗಳ ಹಿಂದೆ ದಖ್ಖನ್ನಿನಲ್ಲಿ ನೆಲ ಬಿರಿದು ಲಾವಾ ಅಲೆಅಲೆಯಾಗಿ ಹರಿಯಿತು. ಬೆಳಗಾವಿ, ವಿಜಯಪುರ, ಕಲಬುರಗಿ, ಬೀದರ್‌ಗಳ ಕಪ್ಪುಕಲ್ಲು ಆ ಲಾವಾ ಆರಿ ಆದದ್ದೇ. ಒಂದು ಹರಿವಿಗೂ ಮತ್ತೊಂದಕ್ಕೂ ನಡುವೆ ದೀರ್ಘ ಬಿಡುವು ಇರುತ್ತಿತ್ತು. ಆಗ ತಗ್ಗಿನಲ್ಲಿ ನೀರು ನಿಂತು ಕೆರೆಗಳಾದವು. ಆಮೆ, ಕಪ್ಪೆಗಳು ಬಂದು ನೆಲೆಸಿದವು. ಸತ್ತವು ನುಣ್ಣನೆಯ ಕೆಸರಿನಲ್ಲಿ ಹೂತುಹೋದವು. ಕೆಸರು ಕಲ್ಲಾಯಿತು.

ಓವೆನ್ ಇಟ್ಟ ಹೆಸರು 83 ವರ್ಷ ನಡೆಯಿತು. ಆ ಕಾಲಕ್ಕೆ 'ರಾನಾ' ಎಂಬುದು ಬಗೆಬಗೆಯ ಕಪ್ಪೆಗಳನ್ನು ತುಂಬಿಡುವ ದೊಡ್ಡ ಚೀಲದಂತಿತ್ತು. 1930ರಲ್ಲಿ ನ್ಯೂಯಾರ್ಕಿನ ವಸ್ತುಸಂಗ್ರಹಾಲಯದ ಜಿ. ಕೆ. ನೋಬಲ್ ಎಲುಬುಗಳನ್ನು ಮತ್ತೆ ನೋಡಿದರು. ಇದು ರಾನಾ ಅಲ್ಲ ಎಂದು ತೀರ್ಮಾನಿಸಿ 'ಇಂಡೋಬಟ್ರಾಕಸ್', ಅಂದರೆ ಭಾರತದ ಕಪ್ಪೆ, ಎಂಬ ಹೊಸ ಕುಲವನ್ನು ಮಾಡಿದರು. ಅವರಿಗೆ ಹೋಲಿಕೆ ಕಂಡದ್ದು ಆಸ್ಟ್ರೇಲಿಯಾದ ಕಪ್ಪೆಗಳಲ್ಲಿ.

ಉಪ್ಪುನೀರನ್ನು ತಾಳಲಾರದ ಜೀವಿಗೆ ಕಡಲಾಚೆ ನಂಟರು ಇರುವುದು ಹೇಗೆ? ಖಂಡಗಳು ಸರಿಯುತ್ತವೆ ಎಂದು ವೆಗನರ್ 1912ರಲ್ಲೇ ಹೇಳಿದ್ದರೂ, ಭೂವಿಜ್ಞಾನಿಗಳಲ್ಲಿ ಬಹುಪಾಲು ಮಂದಿ ಅದನ್ನು ಒಪ್ಪಲು 1960ರ ದಶಕ ಬರಬೇಕಾಯಿತು. ಭಾರತವೂ ಆಸ್ಟ್ರೇಲಿಯಾವೂ ಒಮ್ಮೆ ಗೊಂಡ್ವಾನ ಎಂಬ ಒಂದೇ ಮಹಾಖಂಡದ ಭಾಗಗಳು. 2003ರಲ್ಲಿ ಬಿಜು ಮತ್ತು ಬೋಸುಯ್ಟ್ ಕೇರಳದ ಇಡುಕ್ಕಿಯ ನೇರಳೆ ಕಪ್ಪೆಯನ್ನು ವಿವರಿಸಿದಾಗ, ಅದರ ಹತ್ತಿರದ ನಂಟರು ಸಿಕ್ಕಿದ್ದು ಸೆಷೆಲ್ಸ್ ದ್ವೀಪಗಳಲ್ಲಿ. ಒಡೆದ ಮಹಾಖಂಡದ ಗುರುತನ್ನು ಬದುಕಿರುವ ಕಪ್ಪೆಯೂ ಹೊತ್ತಿತ್ತು.

ವರ್ಲಿಯ ಕಪ್ಪೆಯ ಸರಿಯಾದ ಬಂಧುಗಳು ಯಾರು ಎಂಬ ಚರ್ಚೆ ಇನ್ನೂ ಮುಗಿದಿಲ್ಲ. ಈಗ ಅದರ ಪೂರ್ತಿ ಹೆಸರು 'ಇಂಡೋಬಟ್ರಾಕಸ್ ಪುಸಿಲ್ಲಸ್'. ಓವೆನ್ ಊಹಿಸಿದ ಕುಲ ಹೋಯಿತು. ಅವರು ಕಣ್ಣಾರೆ ಕಂಡ ಪುಟ್ಟತನ ಮಾತ್ರ ಹೆಸರಿನಲ್ಲಿ ಉಳಿದಿದೆ.