ಮೇರುವೂ ಮನುಷ್ಯವಾಸವೂ

ಧ್ರುವಗಳೆರಡರ ಸುತ್ತಲೂ ಹಿಮದಿಂದ ಆವೃತವಾಗಿರುವ ಪ್ರದೇಶಗಳಲ್ಲಿ ಮನುಷ್ಯನು ಸ್ಥಿರವಾಗಿ ವಾಸಮಾಡಬಲ್ಲನೆ ಎಂಬ ಪ್ರಶ್ನೆಯು ಹೊರನೋಟಕ್ಕೆ ಭೂಗೋಳಶಾಸ್ತ್ರಜ್ಞರಿಗೆ ಮಾತ್ರ ಸಂಬಂಧಪಟ್ಟದ್ದಾಗಿ ತೋರಬಹುದು. ಆದರೆ ಲೋಕಮಾನ್ಯ ಬಾಲಗಂಗಾಧರ ತಿಲಕರು, ವೇದದ ಋಷಿಗಳ ಪೂರ್ವಿಕರು ಉತ್ತರಧ್ರುವದ ಸಮೀಪದಲ್ಲಿಯೇ ಇದ್ದರೆಂದು ಪ್ರತಿಪಾದಿಸುವ ತಮ್ಮ ಗ್ರಂಥವನ್ನು 1903ರಲ್ಲಿ ಪ್ರಕಟಿಸಿದಂದಿನಿಂದ ಈ ಪ್ರಶ್ನೆಯು ನಮ್ಮ ಪಾಠಶಾಲೆಗಳ ಜಗಲಿಯನ್ನೂ ಹತ್ತಿತು. ನಾನು ವಿದ್ಯಾರ್ಥಿಯಾಗಿದ್ದಾಗ ಇದನ್ನು ಪೂರ್ವಪಕ್ಷವೆಂದು ಕೇಳಿದೆನು. ಈಚೆಗೆ ಸಾಹಿತ್ಯಚರಿತ್ರೆಯ ಪಾಠಗಳಲ್ಲಿ ಸಿದ್ಧಾಂತವೆಂಬಂತೆ ಹೇಳುವುದನ್ನೂ ಕೇಳುತ್ತಿದ್ದೇನೆ. ಆದಕಾರಣ ಈ ವಿಚಾರವನ್ನು ಇನ್ನೊಮ್ಮೆ ಪರಿಶೀಲಿಸುವುದು ಅನುಚಿತವಾಗಲಾರದು.

ಮೊದಲು ‘ವಾಸ’ವೆಂದರೇನೆಂಬುದನ್ನು ಶೋಧಿಸಿಕೊಳ್ಳಬೇಕು. ಪಾಣಿನಿಯು ನಾಲ್ಕನೆಯ ಅಧ್ಯಾಯದ ಮೂರನೆಯ ಪಾದದಲ್ಲಿ ನಿವಾಸಕ್ಕೆ ಒಂದು ಸೂತ್ರವನ್ನೂ ಅಭಿಜನಕ್ಕೆ ಇನ್ನೊಂದು ಸೂತ್ರವನ್ನೂ ಮಾಡಿದ್ದಾನೆ. ಮಹಾಭಾಷ್ಯಕಾರನ ವಿವರಣೆಯಂತೆ, ಒಬ್ಬನು ಈಗ ಇರುವ ಸ್ಥಳವು ನಿವಾಸ. ಅವನ ಪೂರ್ವಿಕರು ಇದ್ದ ಸ್ಥಳವು ಅಭಿಜನ. ನನಗೆ ಅರಿಶಿನಕುಂಟೆಯು ನಿವಾಸವೇ ಹೊರತು ಅಭಿಜನವಲ್ಲ. ಇಲ್ಲಿಯೇ ಹುಟ್ಟಿದ ನನ್ನ ಮೊಮ್ಮಕ್ಕಳ ಮಕ್ಕಳಿಗೆ ಅದು ಅಭಿಜನವಾದೀತು. ನಿವಾಸವು ಅಭಿಜನವಾಗಿ ಪರಿಣಮಿಸುವ ಸ್ಥಳದಲ್ಲಿ ಮಾತ್ರವೇ ಸ್ಥಿರವಾಸವೆಂಬ ಮಾತು ಸಲ್ಲುತ್ತದೆ. ಧ್ರುವಪ್ರದೇಶದ ಚರ್ಚೆಯಲ್ಲಿ ಈ ಎರಡನ್ನು ಬೆರೆಸುವುದರಿಂದಲೇ ಬಹಳ ಗೊಂದಲವುಂಟಾಗಿದೆ.

ಇನ್ನು ನಮ್ಮ ಜ್ಯೋತಿಷಿಕರು ಧ್ರುವಪ್ರದೇಶವನ್ನು ಕುರಿತು ಏನು ಬಲ್ಲರೆಂಬುದು. ಸೂರ್ಯಸಿದ್ಧಾಂತವು ಉತ್ತರಧ್ರುವವಾದ ಮೇರುವಿನಲ್ಲಿ ದೇವತೆಗಳನ್ನೂ ದಕ್ಷಿಣಧ್ರುವದಲ್ಲಿ ಅಸುರರನ್ನೂ ಇರಿಸಿ, ಒಬ್ಬರಿಗೆ ಆರು ತಿಂಗಳ ಹಗಲಾದಾಗ ಇನ್ನೊಬ್ಬರಿಗೆ ಆರು ತಿಂಗಳ ಇರುಳೆಂದು ಹೇಳುತ್ತದೆ. ಮನುಷ್ಯರನ್ನು ಎರಡು ಕಡೆಯಲ್ಲಿಯೂ ಇರಿಸಿಲ್ಲ. ಅರಿಶಿನಕುಂಟೆಯು ನಿರಕ್ಷದಿಂದ ಹದಿಮೂರು ಅಂಶ ಉತ್ತರಕ್ಕಿದೆ. ವಿಷುವದಿನದ ಮಧ್ಯಾಹ್ನದಲ್ಲಿ ಹನ್ನೆರಡಂಗುಲದ ಶಂಕುವಿನ ನೆರಳು ನಮ್ಮ ಅಂಗಳದಲ್ಲಿ ಎರಡೂ ಮುಕ್ಕಾಲು ಅಂಗುಲ ಬೀಳುತ್ತದೆ. ಇಲ್ಲಿಯ ಅತಿ ದೀರ್ಘವಾದ ಹಗಲು ಮೂವತ್ತೆರಡು ಘಳಿಗೆ, ಅತಿ ಹ್ರಸ್ವವಾದದ್ದು ಇಪ್ಪತ್ತೆಂಟು. ಇಷ್ಟನ್ನು ಕಂಡವನು ಇದೇ ಗಣಿತವನ್ನು ಉತ್ತರಕ್ಕೆ ಒಯ್ದರೆ, ಸೂರ್ಯನು ಮುಳುಗದ ದೇಶವನ್ನು ಮನೆಯಿಂದ ಹೊರಡದೆಯೇ ಮುಟ್ಟಬಲ್ಲನು.

ಭಾಸ್ಕರಾಚಾರ್ಯನು ಹಾಗೆಯೇ ಮುಟ್ಟಿದನು. ಸಹ್ಯಾದ್ರಿಯ ಆಶ್ರಯದಲ್ಲಿದ್ದ ಅವನ ವಿಜ್ಜಡವಿಡವು ನಮ್ಮ ವಿಜಯಪುರವೆ ಅಥವಾ ಖಾನದೇಶದ ಊರೆ ಎಂಬ ವ್ಯಾಜ್ಯಕ್ಕೆ ನಾನಿಲ್ಲಿ ಕೈಹಾಕುವುದಿಲ್ಲ. ಕ್ರಿ. ಶ. 1150ರ ಸಿದ್ಧಾಂತಶಿರೋಮಣಿಯ ಗೋಲಾಧ್ಯಾಯದಲ್ಲಿ ಅವನು, ಅಕ್ಷಾಂಶವು 69 ಅಂಶ 20 ಕಲೆಯಾಗಿರುವ ದೇಶದಲ್ಲಿ ಧನುಸ್ಸು, ಮಕರ ಎಂಬ ಎರಡು ರಾಶಿಗಳು ಉದಯಿಸುವುದೇ ಇಲ್ಲವೆಂದೂ, 78 ಅಂಶ 15 ಕಲೆಯಲ್ಲಿ ವೃಶ್ಚಿಕ ಕುಂಭಗಳೂ ಸೇರಿ ನಾಲ್ಕು ರಾಶಿಗಳು ಕಾಣುವುದಿಲ್ಲವೆಂದೂ ಹೇಳಿದ್ದಾನೆ. ಅಂದರೆ ಮೊದಲನೆಯ ಕಡೆಯಲ್ಲಿ ಎರಡು ತಿಂಗಳು, ಎರಡನೆಯ ಕಡೆಯಲ್ಲಿ ನಾಲ್ಕು ತಿಂಗಳು ಸೂರ್ಯೋದಯವಿಲ್ಲ. ಈಗ ಆ ಅಕ್ಷಾಂಶಗಳಲ್ಲಿ ಊರುಗಳಿವೆ. ರಷ್ಯಾದ ನೊರಿಲ್ಸ್ಕ್ ನಗರವು ಸರಿಯಾಗಿ 69 ಅಂಶ 20 ಕಲೆಯಲ್ಲಿದೆ. ನಾರ್ವೆಗೆ ಸೇರಿದ ಸ್ವಾಲ್ಬಾರ್ಡ್ ದ್ವೀಪಗಳ ಲಾಂಗ್‌ಇಯರ್‌ಬಿಯೆನ್ ಎಂಬ ಊರು 78 ಅಂಶ 13 ಕಲೆಯಲ್ಲಿದೆ; ಅಲ್ಲಿ ಅಕ್ಟೋಬರ್ 26ರ ಸುಮಾರಿಗೆ ಮರೆಯಾದ ಸೂರ್ಯನು ಫೆಬ್ರುವರಿ 15ರ ಸುಮಾರಿಗೆ ಮರಳಿ ಉದಯಿಸುತ್ತಾನೆ. ಸಾಯನ ಗಣನೆಯಿಂದ ಸೂರ್ಯನು ವೃಶ್ಚಿಕವನ್ನು ಹೊಗುವುದು ಅಕ್ಟೋಬರ್ 23ರಂದು, ಕುಂಭವನ್ನು ಬಿಡುವುದು ಫೆಬ್ರುವರಿ 18ರಂದು. ಎರಡು ತುದಿಯಲ್ಲಿಯೂ ಮೂರು ಮೂರು ದಿನಗಳ ವ್ಯತ್ಯಾಸ. ಅದಕ್ಕೆ ಮುಖ್ಯ ಕಾರಣವು ವಾಯುಮಂಡಲದಲ್ಲಿ ಕಿರಣವು ಬಾಗಿ, ದಿಗಂತದ ಕೆಳಗಿರುವ ಬಿಂಬವೂ ಕಾಣಿಸಿಕೊಳ್ಳುವುದು. ಪರಮಕ್ರಾಂತಿಯನ್ನು ಆಚಾರ್ಯನು 24 ಅಂಶವೆಂದು ಹಿಡಿದದ್ದೂ ಸ್ವಲ್ಪಮಟ್ಟಿಗೆ ಕಾರಣ. ಹಿಮಗಡ್ಡೆಯನ್ನು ಕಣ್ಣಿನಿಂದ ಕಾಣದವನ ಲೆಕ್ಕವು ಇಷ್ಟು ಹತ್ತಿರ ಬಂದಿರುವುದನ್ನು ನೋಡಿದರೆ ನನಗೆ ಇಂದಿಗೂ ರೋಮಾಂಚವಾಗುತ್ತದೆ.

ಇದರಿಂದ ಸಿದ್ಧವಾಗುವುದೇನೆಂದರೆ, ಒಂದು ದೇಶದ ದೀರ್ಘ ರಾತ್ರಿಯನ್ನು ವರ್ಣಿಸಿದ ಮಾತ್ರಕ್ಕೆ ವರ್ಣಿಸಿದವನು ಅಲ್ಲಿದ್ದನೆಂದು ಹೇಳಲಾಗದು. ತಿಲಕರಂಥ ಮೇಧಾವಿಗಳು ಇದನ್ನು ಅರಿಯದವರಲ್ಲ. ಗೋಲಗಣಿತವು ಹುಟ್ಟುವ ಮುನ್ನವೇ ತೈತ್ತಿರೀಯ ಬ್ರಾಹ್ಮಣವು ಸಂವತ್ಸರವು ದೇವತೆಗಳಿಗೆ ಒಂದು ದಿನವೆಂದು ಹೇಳಿರುವುದರಿಂದ, ಅದು ಗಣಿತದ ಫಲವಾಗಿರದೆ ಪೂರ್ವಿಕರ ಅನುಭವದ ಸ್ಮೃತಿಯೇ ಆಗಿರಬೇಕೆಂಬುದು ಅವರ ಸಮಾಧಾನ. ಇದು ಬಲವಾದ ಮಾತು, ಹಗುರವಾಗಿ ತಳ್ಳತಕ್ಕದ್ದಲ್ಲ. ಆದರೆ ಮನುವು ದೇವತೆಗಳ ದಿನವನ್ನು ಹೇಳುವುದಕ್ಕೆ ಮೊದಲು, ಅದರ ಹಿಂದಿನ ಶ್ಲೋಕದಲ್ಲಿಯೇ, ಮನುಷ್ಯರ ಒಂದು ಮಾಸವು ಪಿತೃಗಳಿಗೆ ಒಂದು ದಿನವೆಂದು ಹೇಳುತ್ತಾನೆ. ಸಂವತ್ಸರವು ದಿನವಾಗುವುದರಿಂದ ನಮ್ಮವರು ಮೇರುವಿನಲ್ಲಿದ್ದರೆಂದು ಊಹಿಸುವುದಾದರೆ, ಮಾಸವು ದಿನವಾಗುವುದರಿಂದ ಅವರು ಚಂದ್ರಮಂಡಲದಲ್ಲಿಯೂ ಇದ್ದರೆಂದು ಊಹಿಸಬೇಕಾದೀತು. ಹಾಗೆ ಯಾರೂ ಹೇಳಿಲ್ಲ. ಶುಕ್ಲಕೃಷ್ಣಪಕ್ಷಗಳನ್ನು ಹಗಲಿರುಳಾಗಿ ಕಂಡ ಬುದ್ಧಿಯೇ ಉತ್ತರಾಯಣ ದಕ್ಷಿಣಾಯನಗಳನ್ನೂ ಹಗಲಿರುಳಾಗಿ ಕಂಡಿತೆನ್ನುವುದು ಲಘುವಾದ ಕಲ್ಪನೆ. ಲಘುಕಲ್ಪನೆಯು ಸಾಧ್ಯವಿರುವಲ್ಲಿ ಗುರುಕಲ್ಪನೆಯನ್ನು ನಮ್ಮ ಶಾಸ್ತ್ರಕಾರರು ಒಪ್ಪುವುದಿಲ್ಲ.

ತಿಲಕರ ಇನ್ನೊಂದು ಆಧಾರವು ಗವಾಮಯನವೆಂಬ ಸತ್ರ. ಗೋವುಗಳು ಹತ್ತು ತಿಂಗಳಲ್ಲಿ ಸತ್ರವನ್ನು ಮುಗಿಸಿದವೆಂಬ ಬ್ರಾಹ್ಮಣವಾಕ್ಯದಿಂದ, ಹತ್ತು ತಿಂಗಳು ಬೆಳಕೂ ಎರಡು ತಿಂಗಳು ಕತ್ತಲೆಯೂ ಇದ್ದ ದೇಶವನ್ನು ಅವರು ಊಹಿಸಿದರು. ಇಲ್ಲಿ ಕರ್ಣಾಟಕದವರೊಬ್ಬರನ್ನು ನೆನೆಯಬೇಕು. ಮುಂದೆ 1909ರಲ್ಲಿ ಕೌಟಿಲ್ಯನ ಅರ್ಥಶಾಸ್ತ್ರವನ್ನು ಮುದ್ರಿಸಿ ವಿಖ್ಯಾತರಾದ ರುದ್ರಪಟ್ಟಣದ ಶಾಮಾಶಾಸ್ತ್ರಿಗಳು, ಅದಕ್ಕೆ ಒಂದು ವರ್ಷ ಮೊದಲು, 1908ರಲ್ಲಿ, ಇದೇ ಸತ್ರದ ಮೇಲೆ ಒಂದು ಪುಸ್ತಕವನ್ನು ಪ್ರಕಟಿಸಿ, ‘ಗೋ’ ಶಬ್ದಕ್ಕೆ ವರ್ಷಮಾನವನ್ನು ಸರಿಪಡಿಸಲು ಸೇರಿಸುವ ಅಧಿಕದಿನವೆಂಬ ಅರ್ಥವನ್ನು ಹೇಳಿದರು. ಅವರ ವ್ಯಾಖ್ಯಾನವನ್ನೆಲ್ಲ ನಾನು ಒಪ್ಪಲಾರೆ; ಆದರೆ ಆ ಗೋವುಗಳನ್ನು ಹಿಮದಿಂದ ಬಿಡಿಸಿ ಪಂಚಾಂಗದ ಕೊಟ್ಟಿಗೆಗೆ ಕಟ್ಟಿದ್ದು ಸಣ್ಣ ಉಪಕಾರವಲ್ಲ. ಮೂವತ್ತು ಉಷಸ್ಸುಗಳ ಮಂತ್ರವನ್ನೂ ತಿಂಗಳ ಮೂವತ್ತು ಬೆಳಗುಗಳೆಂದು ಅರ್ಥಮಾಡಲು ಅಡ್ಡಿಯಿಲ್ಲ.

ಈ ವಾದಕ್ಕೆ ಕೊನೆಯ ಪೆಟ್ಟು ಬಿದ್ದುದು ಭೂಗರ್ಭಶಾಸ್ತ್ರದಿಂದ. ತಿಲಕರು ತಮ್ಮ ಕಾಲದ ವಿದ್ವಾಂಸರನ್ನು ನಂಬಿ, ಧ್ರುವಪ್ರದೇಶವು ಹಿಂದೆ ನಿತ್ಯವಸಂತದಂತೆ ಹಿತವಾಗಿತ್ತೆಂದೂ, ಕ್ರಿಸ್ತಪೂರ್ವ ಹತ್ತುಸಾವಿರದಿಂದ ಎಂಟುಸಾವಿರ ವರ್ಷಗಳ ನಡುವೆ ಹಿಮವು ಬಂದು ಅದನ್ನು ಕೆಡಿಸಿತೆಂದೂ ಗಣಿಸಿದರು. ಈಗ ಗೊತ್ತಾಗಿರುವುದು ಇದರ ವಿಪರ್ಯಾಸ. ಸುಮಾರು ಇಪ್ಪತ್ತು ಸಾವಿರ ವರ್ಷಗಳ ಹಿಂದೆ ಹಿಮವು ಪರಮಾವಧಿಯನ್ನು ಮುಟ್ಟಿತ್ತು. 11,700 ವರ್ಷಗಳ ಹಿಂದೆ ಹಿಮಯುಗವು ಮುಗಿಯಿತು. ಅವರು ಹೇಳಿದ ಕಾಲದಲ್ಲಿ ಹಿಮವು ಬರುತ್ತಿರಲಿಲ್ಲ, ಹೋಗುತ್ತಿತ್ತು.

ಹಾಗಾದರೆ ಅಲ್ಲಿ ಮನುಷ್ಯನೇ ಇರಲಿಲ್ಲವೆ? ಇದ್ದನು. ತಿಲಕರ ಕಾಲಕ್ಕೆ ತಿಳಿದಿರದ ಈ ಸಂಗತಿಯು ಅವರ ಪಕ್ಷಕ್ಕೆ ಅನುಕೂಲವಾದಂತೆ ತೋರುವುದರಿಂದ ಇದನ್ನು ಮುಚ್ಚಿಡಬಾರದು. ಸೈಬೀರಿಯದ ಯಾನಾ ನದಿಯ ದಡದಲ್ಲಿ, ಸುಮಾರು 71ನೆಯ ಅಂಶದಲ್ಲಿ, ಮೂವತ್ತೊಂದು ಸಾವಿರ ವರ್ಷಗಳಿಗೂ ಹಿಂದಿನ ವಸತಿಯು ದೊರೆತಿದೆ. ಅಲ್ಲಿ ಎಲುಬಿನ ಸೂಜಿಗಳು ಸಿಕ್ಕಿವೆ. ಇಬ್ಬರು ಹುಡುಗರ ಎರಡು ಹಾಲುಹಲ್ಲುಗಳು ಸಿಕ್ಕಿವೆ. ಸೂಜಿಯಿದ್ದಲ್ಲಿ ಹೊಲಿದ ಚರ್ಮದ ಉಡುಪಿತ್ತು. ಹಾಲುಹಲ್ಲು ಉದುರಿದಲ್ಲಿ ಸಂಸಾರವಿತ್ತು. ಗ್ರೀನ್‌ಲೆಂಡಿನ ವಾಯವ್ಯ ತೀರದಲ್ಲಿ 77ನೆಯ ಅಂಶದ ಆಚೆಗೂ ಇನ್ಯುಯಿಟ್ ಜನರು ತಲೆಮಾರುಗಳಿಂದ ಹುಟ್ಟಿ ಬೆಳೆದು ಸಾಯುತ್ತ ಬಂದಿದ್ದಾರೆ. ಬೆಳೆಯಿಲ್ಲ, ಸೊಪ್ಪಿಲ್ಲ, ಸೀಲ್ ಎಂಬ ಕಡಲಪ್ರಾಣಿಯ ಹಸಿಯ ಯಕೃತ್ತು, ತಿಮಿಂಗಿಲದ ತೊಗಲು ಇವುಗಳಿಂದಲೇ ಅವರು ಇತರರು ಹಣ್ಣುಕಾಯಿಗಳಿಂದ ಪಡೆಯುವ ಸತ್ತ್ವವನ್ನು ಪಡೆದರು. ಅವರಿಗೆ ಆ ಹಿಮವು ನಿವಾಸವೂ ಹೌದು, ಅಭಿಜನವೂ ಹೌದು. ನನ್ನಂಥ ಶಾಕಾಹಾರಿಯು ಅಲ್ಲಿ ಒಂದು ಪಕ್ಷವನ್ನೂ ಕಳೆಯಲಾರನು. ಆದರೆ ವೇದದ ಆರ್ಯನ ಸಂಪತ್ತು ಗೋವು, ಅವನ ಹವಿಸ್ಸು ಯವ. ಯಾನಾ ತೀರದವರಿಗೆ ಈ ಎರಡೂ ಇರಲಿಲ್ಲ. ಧ್ರುವದ ಬಳಿ ಮನುಷ್ಯನಿದ್ದನೆಂಬುದು ಬೇರೆ. ಆ ಮನುಷ್ಯನು ನಮ್ಮ ಗೋತ್ರದವನೆಂಬುದು ಬೇರೆ.

ಈಚಿನ ಶತಮಾನದವರು ಕಟ್ಟಿದ ಊರುಗಳ ರೀತಿಯೇ ಬೇರೆ. ನೊರಿಲ್ಸ್ಕ್‌ನಲ್ಲಿ ಒಂದೂ ಮುಕ್ಕಾಲು ಲಕ್ಷದಷ್ಟು ಜನರಿದ್ದಾರೆ. ಅದನ್ನು 1935ರಿಂದ ಕಟ್ಟತೊಡಗಿದವರು ಸೆರೆಯಾಳುಗಳು, ನಿಕ್ಕೆಲ್ ಲೋಹಕ್ಕಾಗಿ. ಅವರು ಬಯಸಿ ಬಂದವರಲ್ಲವಾದರೂ ಅಲ್ಲಿ ಈಗ ಮನೆಗಳಲ್ಲಿ ಮಕ್ಕಳು ಹುಟ್ಟುತ್ತಿರುವುದರಿಂದ ಅದು ಕೆಲವರಿಗೆ ಅಭಿಜನವಾಗುತ್ತ ಬಂದಿದೆಯೆಂದು ಒಪ್ಪಬೇಕು. ಲಾಂಗ್‌ಇಯರ್‌ಬಿಯೆನ್ನಿನ ಸ್ಥಿತಿ ಹಾಗಲ್ಲ. ಕಲ್ಲಿದ್ದಲಿಗಾಗಿ 1906ರಲ್ಲಿ ಹುಟ್ಟಿದ ಆ ಊರಿನಲ್ಲಿ ಎರಡೂವರೆ ಸಾವಿರದಷ್ಟು ಜನರಿದ್ದರೂ, ಗರ್ಭಿಣಿಯರು ಹೆರಿಗೆಗೆ ಮುನ್ನ ನಾರ್ವೆಯ ಮುಖ್ಯಭೂಮಿಗೆ ಹೋಗುತ್ತಾರೆ. ಸದಾ ಹೆಪ್ಪುಗಟ್ಟಿದ ನೆಲದಲ್ಲಿ ಶವಗಳು ಕರಗದಿರುವುದರಿಂದ 1950ರಲ್ಲಿ ಹೂಳುವುದನ್ನೂ ನಿಲ್ಲಿಸಿದರು. ಹುಟ್ಟೂ ಇಲ್ಲ, ಹೂಳೂ ಇಲ್ಲ.

ದಕ್ಷಿಣದಲ್ಲಿ, ಅಸುರರ ಭಾಗದಲ್ಲಿ, ಮೂಲನಿವಾಸಿಗಳೇ ಇಲ್ಲ. ಆರ್ಜೆಂಟೀನದವರು ತಮ್ಮ ಠಾಣ್ಯದಲ್ಲಿ 1978ರಲ್ಲಿ ಒಂದು ಶಿಶುವಿನ ಜನನವಾಗುವಂತೆ ಮಾಡಿದರು. ಅದು ರಾಜ್ಯದ ಹಕ್ಕನ್ನು ಸಾರುವ ಉಪಾಯವೆನ್ನಬೇಕಲ್ಲದೆ ವಾಸವೆನ್ನಲಾಗದು. ಭಾರತವು 1983-84ರಲ್ಲಿ ತೇಲುವ ಹಿಮದ ಹಾಸಿನ ಮೇಲೆ ಕಟ್ಟಿದ ದಕ್ಷಿಣ ಗಂಗೋತ್ರಿಯು ಕೆಲವೇ ವರ್ಷಗಳಲ್ಲಿ ಹಿಮದೊಳಗೆ ಹೂತುಹೋಗಿ, 1990ರಲ್ಲಿ ಅದನ್ನು ಬಿಡಬೇಕಾಯಿತು. ಅದರ ಪಾಠವನ್ನು ಕಲಿತು 1989ರಲ್ಲಿಯೇ ಮೈತ್ರಿಯನ್ನು ಬಂಡೆಯ ನೆಲದಲ್ಲಿ ಕಟ್ಟಿದ್ದರು. 2012ರಲ್ಲಿ ಕಟ್ಟಿದ ಭಾರತಿ ಎಂಬ ಠಾಣ್ಯದ ಅಕ್ಷಾಂಶವು ದಕ್ಷಿಣ 69 ಅಂಶ 24 ಕಲೆ. ಭಾಸ್ಕರನ ಸಂಖ್ಯೆಗೆ ನಾಲ್ಕೇ ಕಲೆಗಳ ದೂರ, ಆದರೆ ಅಲ್ಲಿ ಸೂರ್ಯನು ಮರೆಯಾಗುವುದು ಧನುರ್ಮಕರಗಳಲ್ಲಲ್ಲ, ಮಿಥುನ ಕರ್ಕಾಟಕಗಳಲ್ಲಿ. ಅಲ್ಲಿ ಚಳಿಗಾಲವನ್ನು ಕಳೆಯುವವರು ಅವಧಿ ಮುಗಿದೊಡನೆ ಮನೆಗೆ ಮರಳುತ್ತಾರೆ; ಅನ್ನವೂ ಎಣ್ಣೆಯೂ ಹಡಗಿನಲ್ಲಿ ಬರುತ್ತವೆ.

ಉತ್ತರದಲ್ಲಿ ನಮ್ಮ ಹಿಮಾದ್ರಿಯು 2008ರಲ್ಲಿ ಸ್ವಾಲ್ಬಾರ್ಡಿನ ನಿ-ಒಲೆಸುಂಡ್ ಎಂಬಲ್ಲಿ, 78 ಅಂಶ 55 ಕಲೆಯಲ್ಲಿ, ತೆರೆಯಿತು. ಬಹುಕಾಲ ಅಲ್ಲಿ ಬೇಸಗೆಯ ಕೆಲಸವೇ ನಡೆಯುತ್ತಿತ್ತು. 2023ರ ಡಿಸೆಂಬರಿನಲ್ಲಿ ಚಳಿಗಾಲದ ಮೊದಲ ತಂಡವು ಹೊರಟಾಗ ಅದರಲ್ಲಿ ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಯವರೂ ಇದ್ದರು. ಆಕಾಶದ ಅತಿ ಕ್ಷೀಣವಾದ ರೇಡಿಯೋ ತರಂಗಗಳನ್ನು ಅಳೆಯಲು ಆ ಸ್ಥಳವು ತಕ್ಕಷ್ಟು ನಿಶ್ಶಬ್ದವಾಗಿದೆಯೆ ಎಂಬುದನ್ನು ಪರೀಕ್ಷಿಸುವುದು ಅವರ ಉದ್ದೇಶ. ಸೂರ್ಯನೇ ಉದಯಿಸದ ಊರಿನಲ್ಲಿ ಉದಯತಿಥಿಯನ್ನು ಹೇಗೆ ಹಿಡಿಯಬೇಕು, ಸಂಧ್ಯೆಗೆ ಅರ್ಘ್ಯವನ್ನು ಯಾವಾಗ ಬಿಡಬೇಕು ಎಂದು ನನ್ನ ಶಿಷ್ಯನೊಬ್ಬನು ಆಗ ಕೇಳಿದನು. ನಿರ್ಣಯಗ್ರಂಥಗಳನ್ನು ಬರೆದವರ ನಿವಾಸವೂ ಅಭಿಜನವೂ ಪ್ರತಿದಿನ ಸೂರ್ಯನು ಹುಟ್ಟುವ ದೇಶಗಳಲ್ಲಿಯೇ ಇದ್ದುವೆಂದು ಅವನಿಗೆ ಹೇಳಿ, ಹುಟ್ಟಿದ ಊರಿನ ಪಂಚಾಂಗವನ್ನೇ ಅನುಸರಿಸಬಹುದೆಂದು ತಿಳಿಸಿದೆನು.